ಇಲಾಖಾ ವಿಚಾರಣೆ ಹೆಸರಿಗಷ್ಟೇ ಬೇಡ: ಮುಖ್ಯ ಕಾರ್ಯದರ್ಶಿಗಳಿಗೊಂದು ಬಹಿರಂಗ ಪತ್ರ

ಗೆ,
ಸರ್ಕಾರದ ಮುಖ್ಯ ಕಾರ್ಯದರ್ಶಿಗಳು,
ಕರ್ನಾಟಕ ಸರ್ಕಾರ, ವಿಧಾನಸೌಧ, ಬೆಂಗಳೂರು.

ಮಾನ್ಯರೇ,

ಕೆಡಿಪಿ (ಅಭಿವೃದ್ಧಿ ಕಾರ್ಯಕ್ರಮಗಳ ಪರಿಶೀಲನೆಯ) ಸಭೆಯಲ್ಲಿ ಸಚಿವರು ಮೈಕು ಹತ್ತಿರ ಎಳೆದುಕೊಂಡು "ಇವನನ್ನ ಈಗಲೇ ಸಸ್ಪೆಂಡ್ ಮಾಡ್ರೀ" ಅಂದರೆ ಹಿಂದಿನ ಸಾಲಿನಿಂದ ಚಪ್ಪಾಳೆ ಬೀಳುತ್ತದೆ. ಸಂಜೆ ಟಿವಿಯಲ್ಲಿ ಅದೇ ತುಣುಕು ನಾಲ್ಕಾರು ಸಲ ಓಡುತ್ತದೆ. ಮಾರನೇ ದಿನ ಆದೇಶ ಹೊರಡುತ್ತದೆ: ಮೇಲ್ನೋಟಕ್ಕೆ ಕರ್ತವ್ಯಲೋಪ ಕಂಡುಬಂದಿರುವುದರಿಂದ ಇಲಾಖಾ ವಿಚಾರಣೆ ಕಾಯ್ದಿರಿಸಿ ತಕ್ಷಣದಿಂದ ಅಮಾನತುಗೊಳಿಸಿದೆ. ಸಾರ್ವಜನಿಕರ ಪಾಲಿಗೆ ಕಥೆ ಅಲ್ಲಿಗೆ ಮುಗಿಯಿತು. ಕಾಯ್ದಿರಿಸಿದ ಆ ವಿಚಾರಣೆ ಆಮೇಲೆ ಏನಾಯಿತು, ಯಾರು ನಡೆಸಿದರು, ಹೇಗೆ ನಡೆಸಿದರು ಎಂದು ಕೇಳುವವರು ಯಾರೂ ಇಲ್ಲ. ಈ ಪತ್ರ ಅದರ ಬಗ್ಗೆ.

ನಾನು ನಿವೃತ್ತ ನೌಕರ. ಸೇವೆಯಲ್ಲಿದ್ದಾಗ ಹಲವು ಸಹೋದ್ಯೋಗಿಗಳ ಡಿ.ಇ.ಗಳಲ್ಲಿ, ಅಂದರೆ ಇಲಾಖಾ ವಿಚಾರಣೆಗಳಲ್ಲಿ, ಅವರ ಪರ ನಿಲ್ಲುವ ರಕ್ಷಣಾ ಸಹಾಯಕನಾಗಿ ಕೂತಿದ್ದೇನೆ. ಒಂದು ಪೈಸೆ ಮುಟ್ಟದವರ ಪಕ್ಕವೂ ಕೂತಿದ್ದೇನೆ, ಕೈ ಬೆಚ್ಚಗೆ ಮಾಡಿಕೊಂಡಿರಬೇಕು ಎಂದು ನನಗೇ ಗುಮಾನಿಯಿದ್ದವರ ಪಕ್ಕವೂ ಕೂತಿದ್ದೇನೆ. ಎರಡೂ ಕಡೆ ಕಂಡದ್ದು ಒಂದೇ: ಶಿಕ್ಷೆ ಏನೆಂಬುದು ಮೊದಲೇ ನಿಶ್ಚಯವಾಗಿರುತ್ತದೆ, ಹೇಳಿಕೆ ಕೇಳುವುದು ಕಡತಕ್ಕೆ ಹಾಳೆ ಸೇರಿಸಲು. ಹೀಗೆ ಮಾಡುವುದರಿಂದ ಭ್ರಷ್ಟರಿಗೆ ಬಿಸಿ ಮುಟ್ಟುತ್ತದೆ ಎಂದು ಮೇಲಿನವರು ನಂಬಿದ್ದಾರೆ. ಆಗುತ್ತಿರುವುದು ಉಲ್ಟಾ. ತಪ್ಪಿಲ್ಲದವನು ವರ್ಷಗಟ್ಟಲೆ ನವೆಯುತ್ತಾನೆ. ತಪ್ಪು ಮಾಡಿದವನು ಒಳ್ಳೆಯ ವಕೀಲರನ್ನು ಹಿಡಿದು, ವಿಚಾರಣೆಯ ಲೋಪಗಳನ್ನೇ ಮುಂದಿಟ್ಟು, ಕೆಎಟಿಯಿಂದ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಆದೇಶ ರದ್ದು ಮಾಡಿಸಿಕೊಂಡು ಬಾಕಿ ಸಂಬಳದ ಸಮೇತ ಅದೇ ಕುರ್ಚಿಗೆ ಬರುತ್ತಾನೆ. ಕಳ್ಳನಿಗೊಂದು ಪಿಳ್ಳೆ ನೆವ ಅನ್ನುತ್ತೇವಲ್ಲ, ಆ ನೆವವನ್ನು ಇಲಾಖೆಯೇ ಕೈಯಾರೆ ಒದಗಿಸುತ್ತಿದೆ.

ನಿಯಮಗಳಲ್ಲಿ ಕೊರತೆಯಿಲ್ಲ ಎಂಬುದು ತಮಗೆ ನನಗಿಂತ ಚೆನ್ನಾಗಿ ಗೊತ್ತು. ಸಂವಿಧಾನದ 311ನೇ ವಿಧಿಯ ಪ್ರಕಾರ, ನೇಮಕಾತಿ ಪ್ರಾಧಿಕಾರಕ್ಕಿಂತ ಕೆಳಗಿನವರು ನೌಕರನನ್ನು ವಜಾ ಮಾಡುವಂತಿಲ್ಲ. ವಜಾ ಮಾಡಲಿ, ಸೇವೆಯಿಂದ ತೆಗೆಯಲಿ, ದರ್ಜೆ ಇಳಿಸಲಿ, ಅದಕ್ಕೆ ಮುಂಚೆ ಆರೋಪ ತಿಳಿಸಿ, ತನ್ನ ಮಾತು ಹೇಳಿಕೊಳ್ಳಲು ಸಮಂಜಸವಾದ ಅವಕಾಶ ಕೊಟ್ಟು ವಿಚಾರಣೆ ನಡೆಸಲೇಬೇಕು. ಹಿಂದೆ ಶಿಕ್ಷೆಯ ಪ್ರಮಾಣದ ಬಗ್ಗೆಯೂ ಇನ್ನೊಮ್ಮೆ ಕೇಳಬೇಕಿತ್ತು. 1976ರ 42ನೇ ತಿದ್ದುಪಡಿ ಆ ಎರಡನೇ ಅವಕಾಶವನ್ನು ತೆಗೆದುಹಾಕಿತು. ಹಾಗಾಗಿ ಉಳಿದ ಒಂದೇ ಅವಕಾಶ ಗಟ್ಟಿಯಾಗಿರಬೇಕಾದ ಅಗತ್ಯ ಇನ್ನೂ ಹೆಚ್ಚಾಯಿತು. ನಮ್ಮ ರಾಜ್ಯದ ಮಟ್ಟಿಗೆ 1957ರ ಸಿಸಿಎ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳಿವೆ. ದಂಡನೆಗಳ ಪಟ್ಟಿ 8ನೇ ನಿಯಮದಲ್ಲಿ, ಅಮಾನತು 10ರಲ್ಲಿ, ಕಠಿಣ ದಂಡನೆಯ ವಿಚಾರಣಾ ಕ್ರಮ 11ರಲ್ಲಿ, ಲಘು ದಂಡನೆಯದು 12ರಲ್ಲಿ. ಹನ್ನೊಂದನೇ ನಿಯಮವನ್ನು ಅಕ್ಷರಶಃ ಪಾಲಿಸಿದ್ದರೆ ನಾನು ಈ ಪತ್ರ ಬರೆಯುತ್ತಿರಲಿಲ್ಲ.

ದೋಷಾರೋಪಣಾ ಪಟ್ಟಿಯಿಂದಲೇ ಶುರು ಮಾಡೋಣ. ಹೆಚ್ಚಿನವು ಹಳೆಯ ಕಡತದಿಂದ ನಕಲಿಳಿಸಿದಂಥವು. "ಕರ್ತವ್ಯದಲ್ಲಿ ನಿರ್ಲಕ್ಷ್ಯ ಹಾಗೂ ಬೇಜವಾಬ್ದಾರಿತನ ತೋರಿ, ಸರ್ಕಾರಿ ನೌಕರನಿಗೆ ತರವಲ್ಲದ ರೀತಿಯಲ್ಲಿ ನಡೆದುಕೊಂಡು, ನಡತೆ ನಿಯಮಗಳ 3ನೇ ನಿಯಮವನ್ನು ಉಲ್ಲಂಘಿಸಿರುತ್ತೀರಿ." 1966ರ ನಡತೆ ನಿಯಮಗಳು ಹೋಗಿ 2021ರವು ಬಂದವು, ಈ ವಾಕ್ಯ ಮಾತ್ರ ಅಲುಗಲಿಲ್ಲ. ಯಾವ ದಿನ, ಯಾವ ಕಡತದಲ್ಲಿ, ಯಾವ ಆದೇಶಕ್ಕೆ ವಿರುದ್ಧವಾಗಿ, ಏನು ಮಾಡಿದೆ ಅಥವಾ ಏನು ಮಾಡದೆ ಬಿಟ್ಟೆ? ಹುಡುಕಿದರೂ ಸಿಗದು. ಇಂಥ ಆರೋಪಕ್ಕೆ ನೌಕರ ಏನಂತ ಉತ್ತರ ಬರೆಯಬೇಕು? "ನಾನು ಬೇಜವಾಬ್ದಾರಿ ಅಲ್ಲ" ಎಂದೇ?

ಒಂದು ಪ್ರಕರಣ ಹೇಳುತ್ತೇನೆ, ಊರು ಇಲಾಖೆ ಬೇಡ. ಕಾಮಗಾರಿಯೊಂದರಲ್ಲಿ ಅಳತೆಗಿಂತ ಹೆಚ್ಚು ಬಿಲ್ಲು ಬರೆದ ಆರೋಪ ಒಬ್ಬ ಜೂನಿಯರ್ ಎಂಜಿನಿಯರ್ ಮೇಲಿತ್ತು. ಇಡೀ ಪ್ರಕರಣ ನಿಂತಿದ್ದು ಎಂ.ಬಿ. (ಕಾಮಗಾರಿಯ ಅಳತೆ ಬರೆದಿಡುವ) ಪುಸ್ತಕದ ಒಂದು ಪುಟದ ಮೇಲೆ. ನಮಗೆ ಕೊಟ್ಟದ್ದು ಅದರ ಜೆರಾಕ್ಸು, ಬಲಗಡೆ ಎರಡು ಬೆರಳಷ್ಟು ಭಾಗ ಬಂದಿರಲಿಲ್ಲ. ಅಳತೆಯನ್ನು ತಪಾಸಣೆ ಮಾಡಿದವರು ಸಹಿ ಹಾಕುವುದು ಸರಿಯಾಗಿ ಅದೇ ಜಾಗದಲ್ಲಿ. ಸ್ಥಳಕ್ಕೆ ಬಂದು ಅಳೆದು ಸಹಿ ಮಾಡಿದ ಮೇಲಧಿಕಾರಿಯ ಹೆಸರು ಆರೋಪಿಗಳ ಪಟ್ಟಿಯಲ್ಲೂ ಇರಲಿಲ್ಲ, ಸಾಕ್ಷಿಗಳ ಪಟ್ಟಿಯಲ್ಲೂ ಇರಲಿಲ್ಲ. ಮೂಲ ಎಂ.ಬಿ. ತರಿಸಿಕೊಡಿ ಎಂದು ಅರ್ಜಿ ಕೊಟ್ಟೆವು. "ಲಭ್ಯವಿರುವುದಿಲ್ಲ" ಎಂದು ಹಿಂಬರಹ ಬಂತು. ಲಭ್ಯವಿಲ್ಲದ ಪುಸ್ತಕದ ಜೆರಾಕ್ಸು ಎಲ್ಲಿಂದ ಬಂತು ಎಂದು ಪಾಟೀಸವಾಲಿನಲ್ಲಿ ಕೇಳಿದರೆ, "ಈ ಪ್ರಶ್ನೆ ಪ್ರಸ್ತುತವಲ್ಲ" ಎಂದು ವಿಚಾರಣಾಧಿಕಾರಿಗಳು ಅದನ್ನು ಬರೆದುಕೊಳ್ಳಲೇ ಇಲ್ಲ.

ಆ ಕೋಣೆಯ ಚಿತ್ರವನ್ನೂ ತಾವು ನೋಡಬೇಕು. ವಿಚಾರಣಾಧಿಕಾರಿಗೆ ತಮ್ಮ ಹುದ್ದೆಯ ಕೆಲಸವೇ ತಲೆಗೆ ಮಿಕ್ಕಿ ಬಿದ್ದಿದೆ, ಈ ವಿಚಾರಣೆ ಹೆಚ್ಚುವರಿ ಹೊರೆ. ನಡುನಡುವೆ ಫೋನು, ಸಹಿಗೆ ಬರುವ ಕಡತಗಳು, ವಿಡಿಯೊ ಕಾನ್ಫರೆನ್ಸಿಗೆ ಕರೆ. ಇಲಾಖೆಯ ಪರ ಪ್ರಕರಣ ಮಂಡಿಸುವ ಮಂಡನಾಧಿಕಾರಿ ಅಂದು ಬೆಳಿಗ್ಗೆಯಷ್ಟೇ ಕಡತ ಬಿಚ್ಚಿದವರು. ಸಾಕ್ಷಿಯನ್ನು ಕರೆದು "ಈ ವರದಿ ನೀವೇ ಕೊಟ್ಟದ್ದಾ?" ಎನ್ನುತ್ತಾರೆ. "ಹೌದು ಸಾರ್." "ಅದರಲ್ಲಿರೋದೆಲ್ಲ ನಿಜಾನಾ?" "ನಿಜ ಸಾರ್." ಮುಖ್ಯ ವಿಚಾರಣೆ ಮುಗಿಯಿತು. ಮಂಡನಾಧಿಕಾರಿ ಬರದ ದಿನ ವಿಚಾರಣಾಧಿಕಾರಿಯೇ ಆ ಕೆಲಸವನ್ನೂ ಮಾಡಿಬಿಡುತ್ತಾರೆ. ಆಪಾದಿತನಿಗೆ ಅಡ್ಡಪ್ರಶ್ನೆ ಹಾಕುವವರೂ ಅವರೇ, ಆಮೇಲೆ ವರದಿ ಬರೆಯುವವರೂ ಅವರೇ.

ಇದು ಹೊಸ ಕಾಯಿಲೆಯೂ ಅಲ್ಲ. ಉತ್ತರ ಪ್ರದೇಶದ ಪೊಲೀಸ್ ಇಲಾಖೆಯ ಒಂದು ಪ್ರಕರಣದಲ್ಲಿ, ವಿಚಾರಣೆ ನಡೆಸುತ್ತಿದ್ದ ಅಧಿಕಾರಿಯೇ ಮಧ್ಯದಲ್ಲಿ ಎದ್ದು ಹೋಗಿ ಆಪಾದಿತನ ವಿರುದ್ಧ ಸಾಕ್ಷಿ ನುಡಿದು, ವಾಪಸು ಬಂದು ಕೂತು, ತನ್ನ ಸಾಕ್ಷಿಯನ್ನು ತಾನೇ ನಂಬಿ ವಜಾ ಮಾಡಿದ್ದರು. 1957ರಲ್ಲಿ ಸುಪ್ರೀಂ ಕೋರ್ಟ್ ಆ ಕ್ರಮವನ್ನು ಒಪ್ಪಲಾಗದ್ದೆಂದು ಖಂಡಿಸಿತು. ನಮ್ಮ ಸಿಸಿಎ ನಿಯಮಗಳು ಬಂದದ್ದೂ ಅದೇ ವರ್ಷ. ವಿಚಾರಣಾಧಿಕಾರಿ ಇಲಾಖೆಯ ಪ್ರತಿನಿಧಿಯಲ್ಲ, ಅವರು ಸ್ವತಂತ್ರವಾಗಿ ತೂಗಿ ನೋಡಬೇಕಾದವರು ಎಂದು 2010ರಲ್ಲಿ ನ್ಯಾಯಾಲಯ ಮತ್ತೆ ಹೇಳಬೇಕಾಯಿತು. ಕಾಗದವನ್ನು ಕಡತಕ್ಕೆ ಲಗತ್ತಿಸಿದ ಮಾತ್ರಕ್ಕೆ ಅದು ಸಾಬೀತಾಗುವುದಿಲ್ಲ, ಅದರ ಒಳಗಿನದನ್ನು ಬಲ್ಲವರು ಬಂದು ಹೇಳಬೇಕು ಎಂದು ಅದಕ್ಕೆ ಸುಮಾರು ಒಂದು ವರ್ಷ ಮೊದಲು ಬ್ಯಾಂಕ್ ನೌಕರನೊಬ್ಬನ ಪ್ರಕರಣದಲ್ಲಿ ಹೇಳಿತ್ತು. ಇಲಾಖಾ ವಿಚಾರಣೆಗೆ ಕ್ರಿಮಿನಲ್ ಮೊಕದ್ದಮೆಯಷ್ಟು ಗಟ್ಟಿ ಪುರಾವೆ ಬೇಡ, ಸಂಭವನೀಯತೆ ಯಾವ ಕಡೆ ಹೆಚ್ಚೆಂದು ನೋಡಿದರೆ ಸಾಕು. ಅಷ್ಟು ಸಡಿಲ ಮಾಡಿಕೊಟ್ಟ ಮೇಲೂ ಒಬ್ಬ ಸಾಕ್ಷಿಯನ್ನು ನೆಟ್ಟಗೆ ಕರೆಸಲಾಗದೆ ಪ್ರಕರಣ ಸೋತರೆ, "ಕೋರ್ಟುಗಳು ಭ್ರಷ್ಟರನ್ನು ಬಿಟ್ಟುಬಿಡುತ್ತವೆ" ಎಂದು ದೂರುವುದು ಯಾವ ನ್ಯಾಯ?

ಇನ್ನು ಅಮಾನತು. 8ನೇ ನಿಯಮದ ದಂಡನೆಗಳಲ್ಲಿ ಅದು ಇಲ್ಲ. ಸಾಕ್ಷ್ಯ ತಿದ್ದಬಾರದು, ಸಾಕ್ಷಿಗಳನ್ನು ಬೆದರಿಸಬಾರದು ಎಂಬ ಕಾರಣಕ್ಕೆ ತಾತ್ಕಾಲಿಕವಾಗಿ ದೂರ ಇಡುವುದು ಅದರ ಉದ್ದೇಶ. ಆದರೆ ಅಮಾನತಾದವನ ಮನೆಯಲ್ಲಿ ಕೇಳಿ ನೋಡಿ. ಸಂಬಳದ ಜಾಗದಲ್ಲಿ ಜೀವನಾಧಾರ ಭತ್ಯೆ, ಅದಕ್ಕೂ ಬೇರೆಲ್ಲೂ ಕೆಲಸ ಮಾಡುತ್ತಿಲ್ಲ ಎಂಬ ಪ್ರಮಾಣಪತ್ರ ಕೊಡಬೇಕು, ಅನುಮತಿಯಿಲ್ಲದೆ ಕೇಂದ್ರಸ್ಥಾನ ಬಿಡುವಂತಿಲ್ಲ. ಮನೆ ಸಾಲದ ಕಂತು ಇದನ್ನೆಲ್ಲ ಕೇಳುವುದಿಲ್ಲ. ಮಗಳ ಮದುವೆ ಮಾತುಕತೆಗೆ ಬಂದವರು ಆದೇಶದ ಪ್ರತಿಯನ್ನು ವಾಟ್ಸಾಪಿನಲ್ಲಿ ಆಗಲೇ ಓದಿಕೊಂಡಿರುತ್ತಾರೆ.

ಈ ಭತ್ಯೆಯ ವಿಷಯದಲ್ಲಿ ದೇಶಕ್ಕೆಲ್ಲ ಪಾಠ ಹೇಳಿದ ಪ್ರಕರಣ ಹುಟ್ಟಿದ್ದು ನಮ್ಮ ಕೆಜಿಎಫ್‌ನಲ್ಲೇ. ಕೇಂದ್ರದ ಉದ್ಯಮವಾಗಿದ್ದ ಭಾರತ್ ಗೋಲ್ಡ್ ಮೈನ್ಸ್‌ನ ಭದ್ರತಾ ಅಧಿಕಾರಿಯೊಬ್ಬರ ಮನೆ ಮೇಲೆ 1985ರಲ್ಲಿ ಪೊಲೀಸರು ದಾಳಿ ಮಾಡಿದರು. 4.5 ಗ್ರಾಂ ತೂಕದ ಚಿನ್ನದ ಉಂಡೆ ಮತ್ತು ಚಿನ್ನದ ಅಂಶವಿದ್ದ 1,276 ಗ್ರಾಂ ಮರಳು ಸಿಕ್ಕಿತು ಎಂಬುದು ಆರೋಪ. ಅಮಾನತು ಮಾಡಿದರು, ಜೀವನಾಧಾರ ಭತ್ಯೆ ಕೊಡಲಿಲ್ಲ. ಕೇರಳದ ತಮ್ಮ ಊರಿನಲ್ಲಿದ್ದ ಅವರು ಮೈಗೆ ಹುಷಾರಿಲ್ಲ, ವಿಚಾರಣೆ ಮುಂದೂಡಿ ಎಂದು ಬರೆದರೂ ಕೇಳದೆ ಏಕಪಕ್ಷೀಯವಾಗಿ ಮುಗಿಸಿ 1986ರಲ್ಲಿ ವಜಾ ಮಾಡಿದರು. ಮರುವರ್ಷ ಕ್ರಿಮಿನಲ್ ನ್ಯಾಯಾಲಯ, ದಾಳಿ ಮಾಡಿ ವಸ್ತು ವಶಪಡಿಸಿಕೊಂಡದ್ದೇ ಸಾಬೀತಾಗಿಲ್ಲ ಎಂದು ಅವರನ್ನು ಬಿಡುಗಡೆ ಮಾಡಿತು. ಅವೇ ಸಾಕ್ಷಿಗಳು, ಅದೇ ಘಟನೆ. ಆದರೂ ಕೆಲಸ ವಾಪಸು ಸಿಕ್ಕಿದ್ದು 1999ರಲ್ಲಿ, ಸುಪ್ರೀಂ ಕೋರ್ಟಿನಿಂದ, ಬಾಕಿ ಸಂಬಳದ ಸಮೇತ. ಕೈಯಲ್ಲಿ ಕಾಸಿಲ್ಲದಂತೆ ಮಾಡಿ ವಿಚಾರಣೆಗೆ ಬರಲಿಲ್ಲ ಎಂದು ದೂಷಿಸುವುದು ಅನ್ಯಾಯ ಎಂಬುದು ತೀರ್ಪಿನ ತಿರುಳು. ಎರಡು ವರ್ಷ ಕಳೆಯುವಷ್ಟರಲ್ಲಿ, 2001ರಲ್ಲಿ, ಗಣಿಯೇ ಮುಚ್ಚಿಹೋಯಿತು.

2015ರಲ್ಲಿ ಸುಪ್ರೀಂ ಕೋರ್ಟ್ ಎರಡು ಗಡುವುಗಳನ್ನು ಹಾಕಿತು. ಮೂರು ತಿಂಗಳೊಳಗೆ ದೋಷಾರೋಪಣಾ ಪಟ್ಟಿ ಕೊಡದಿದ್ದರೆ ಅಮಾನತು ಮುಂದುವರಿಸಬಾರದು ಎಂಬುದು ಫೆಬ್ರವರಿಯಲ್ಲಿ ಬಂದ ತೀರ್ಪು. ಇಲಾಖಾ ವಿಚಾರಣೆಯನ್ನು ಆದಷ್ಟು ಆರು ತಿಂಗಳಲ್ಲಿ, ತೀರಾ ಅನಿವಾರ್ಯವಾದರೆ ಒಂದು ವರ್ಷದಲ್ಲಿ ಮುಗಿಸಬೇಕು ಎಂದದ್ದು ಡಿಸೆಂಬರಿನಲ್ಲಿ. ಈ ಎರಡನೆಯದರಲ್ಲಿ ನೌಕರ ಒಂಬತ್ತು ವರ್ಷಕ್ಕೂ ಹೆಚ್ಚು ಅಮಾನತಿನಲ್ಲಿದ್ದವನು. ತಮ್ಮ ಅಧೀನದ ಇಲಾಖೆಗಳಲ್ಲಿ ಈ ಗಡುವು ದಾಟಿದ ಪ್ರಕರಣಗಳೆಷ್ಟು ಎಂದು ಒಮ್ಮೆ ಲೆಕ್ಕ ತರಿಸಿ ನೋಡಿ. ತಡವಾದರೆ ನೌಕರ ಮಾತ್ರ ಸೋಲುವುದಿಲ್ಲ. ಸಾಕ್ಷಿಗಳು ವರ್ಗವಾಗುತ್ತಾರೆ, ನಿವೃತ್ತರಾಗುತ್ತಾರೆ, ಕೆಲವರು ತೀರಿಕೊಳ್ಳುತ್ತಾರೆ. ಕಡತ ರೆಕಾರ್ಡ್ ರೂಮಿನಲ್ಲಿ ಗೆದ್ದಲು ಹಿಡಿಯುತ್ತದೆ. ನಿಜವಾಗಿ ಹಣ ನುಂಗಿದವನಿಗೆ ಇದಕ್ಕಿಂತ ದೊಡ್ಡ ಉಪಕಾರ ಬೇರೆ ಬೇಕಿಲ್ಲ. ಅವನೇ ಮುಂದೂಡಿಕೆ ಕೇಳುತ್ತಾ ಹೋಗುವುದನ್ನೂ ನೋಡಿದ್ದೇನೆ, ಅಂಥಲ್ಲಿ ಕಾರಣ ದಾಖಲಿಸಿ ಏಕಪಕ್ಷೀಯವಾಗಿ ಮುಗಿಸಲು ನಿಯಮದಲ್ಲೇ ದಾರಿಯಿದೆ.

ಬಡ್ತಿಯ ವಿಷಯ ಒಂದೇ ಮಾತಿನಲ್ಲಿ ಹೇಳಿಬಿಡುತ್ತೇನೆ. ದೋಷಾರೋಪಣಾ ಪಟ್ಟಿ ಜಾರಿಯಾದ ಮೇಲಷ್ಟೇ ಮೊಹರು ಮಾಡಿದ ಲಕೋಟೆಯ ಕ್ರಮ (ವಿಚಾರಣೆ ಮುಗಿಯುವವರೆಗೆ ಬಡ್ತಿಯ ತೀರ್ಮಾನವನ್ನು ಮುಚ್ಚಿಡುವುದು) ಎಂದು 1991ರಲ್ಲೇ ತೀರ್ಮಾನವಾಗಿದೆ. ಆದರೂ ಬರೀ ಒಂದು ದೂರು ಅರ್ಜಿ ಬಾಕಿ ಇದೆ ಎಂಬ ನೆಪಕ್ಕೆ ಹೆಸರು ಕೈಬಿಡುವುದು ನಿಂತಿಲ್ಲ.

ವಿಚಾರಣಾ ವರದಿ ಬಂದ ಮೇಲಿನ ಹಂತದಲ್ಲಿ ನನಗೆ ಹೆಚ್ಚು ಸಿಟ್ಟು ಬರುವುದು. 1993ರಲ್ಲಿ ಕೇಂದ್ರದ ಉದ್ಯಮವಾದ ಇಸಿಐಎಲ್‌ನ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ, ವರದಿಯ ಪ್ರತಿಯನ್ನು ನೌಕರನಿಗೆ ಕೊಟ್ಟು ಅವನ ಉತ್ತರ ಪಡೆದ ಮೇಲೆಯೇ ತಪ್ಪಿತಸ್ಥನೋ ಅಲ್ಲವೋ ಎಂದು ನಿರ್ಧರಿಸಬೇಕು ಎಂದಿತು. ವಿಚಾರಣಾಧಿಕಾರಿ "ಸಾಬೀತಾಗಿಲ್ಲ" ಎಂದಿದ್ದು, ದಂಡನೆ ವಿಧಿಸುವ ಶಿಸ್ತು ಪ್ರಾಧಿಕಾರಿಗೆ ಅದು ಒಪ್ಪಿಗೆಯಾಗದಿದ್ದರೆ, ಏಕೆ ಒಪ್ಪುತ್ತಿಲ್ಲ ಎಂಬ ತಾತ್ಕಾಲಿಕ ಕಾರಣಗಳನ್ನು ಮೊದಲು ತಿಳಿಸಿ ಅವನ ಮಾತು ಕೇಳಬೇಕು ಎಂದು 1998ರಲ್ಲಿ ಸೇರಿಸಿತು. ನಾವು ಈಗ ಏನು ಮಾಡುತ್ತೇವೆ? ವರದಿಯ ಜೊತೆಗೇ ಎರಡನೇ ಕಾರಣ ಕೇಳುವ ನೋಟಿಸು ಹೋಗುತ್ತದೆ, ಅದರಲ್ಲೇ "ಆರೋಪ ಸಾಬೀತಾಗಿದ್ದು ಈ ದಂಡನೆ ವಿಧಿಸಲು ತೀರ್ಮಾನಿಸಲಾಗಿದೆ" ಎಂದಿರುತ್ತದೆ. ನೌಕರ ಹತ್ತು ಪುಟ ಉತ್ತರ ಬರೆಯುತ್ತಾನೆ, ಪುಟ ಸಂಖ್ಯೆ, ದಾಖಲೆ ಸಂಖ್ಯೆ ಸಮೇತ. ಅಂತಿಮ ಆದೇಶದಲ್ಲಿ ಆ ಹತ್ತು ಪುಟಕ್ಕೆ ಸಿಗುವುದು ಒಂದು ಸಾಲು: "ಸದರಿಯವರ ಸಮಜಾಯಿಷಿಯನ್ನು ಪರಿಶೀಲಿಸಲಾಗಿ ಸಮಾಧಾನಕರವಾಗಿರುವುದಿಲ್ಲ." ಏಕೆ ಸಮಾಧಾನಕರವಲ್ಲ ಎಂದು ಎರಡು ಪ್ಯಾರಾ ಬರೆಯಲು ಆಗದ ಅಧಿಕಾರಿ ಒಬ್ಬನ ಇಪ್ಪತ್ತೈದು ವರ್ಷದ ಸೇವೆಯನ್ನು ಅಳಿಸಿಹಾಕಬಲ್ಲರು ಎಂಬುದು ನನಗೆ ಇಂದಿಗೂ ಅರಗದ ಸಂಗತಿ.

ಸಿಸಿಎ ನಿಯಮ 14-ಎ ಅಡಿ ಲೋಕಾಯುಕ್ತ ವಿಚಾರಣೆ ನಡೆಸಿ ಕಳಿಸುವ ಪ್ರಕರಣಗಳ ಬಗ್ಗೆ ಎಚ್ಚರದಿಂದ ಬರೆಯುತ್ತೇನೆ, ಏಕೆಂದರೆ 1984ರ ಆ ಕಾಯ್ದೆ ರಾಜ್ಯಕ್ಕೆ ಮಾಡಿದ ಒಳ್ಳೆಯದನ್ನು ನಾನು ಬಲ್ಲೆ. ಅಲ್ಲಿ ವಿಚಾರಣೆ ನಡೆಸುವವರು ನ್ಯಾಯಾಂಗದಿಂದ ಬಂದವರು, ಸಾಕ್ಷಿ ಹೇಳಿಕೆ ದಾಖಲಿಸುವ ಶಿಸ್ತು ನಮ್ಮ ಇಲಾಖೆಗಳಿಗಿಂತ ಎಷ್ಟೋ ಮೇಲು. ತೊಡಕು ಇರುವುದು ಸರ್ಕಾರದ ಅಂಗಳದಲ್ಲಿ. ಶಿಫಾರಸು ಬಂತೆಂದರೆ ಅದನ್ನು ಓದಿ ಸ್ವಂತ ಬುದ್ಧಿಯಿಂದ ತೀರ್ಮಾನಿಸಬೇಕಾದ ಇಲಾಖೆ, ಶಿಫಾರಸಿನ ಕೊನೆಯ ಪ್ಯಾರಾವನ್ನು ಹಾಗೆಯೇ ಆದೇಶಕ್ಕೆ ಇಳಿಸುತ್ತದೆ. ಬೇರೆ ಮಾಡಿದರೆ ಯಾರಾದರೂ ಏನಾದರೂ ಅಂದಾರು ಎಂಬ ಭಯ. ಶಿಫಾರಸು ಸರಿಯಿದ್ದರೆ ಒಪ್ಪಲಿ, ಆದರೆ ಒಪ್ಪಿದ್ದಕ್ಕೂ ಕಾರಣ ಬರೆಯಲಿ.

"ಇವರು ಭ್ರಷ್ಟರ ವಕಾಲತ್ತು ವಹಿಸುತ್ತಿದ್ದಾರೆ" ಎನ್ನುವವರಿಗೂ ಎರಡು ಮಾತು. ಸಣ್ಣಪುಟ್ಟ ಲೋಪಕ್ಕೆಲ್ಲ ವಿಚಾರಣೆ ಬಿದ್ದುಹೋಗಬೇಕು ಎಂದು ನಾನು ಹೇಳುತ್ತಿಲ್ಲ, ನ್ಯಾಯಾಲಯವೂ ಹೇಳುವುದಿಲ್ಲ. ಆ ಲೋಪದಿಂದ ನೌಕರನ ರಕ್ಷಣೆಗೆ ನಿಜವಾಗಿ ಧಕ್ಕೆಯಾಯಿತೇ ಎಂದು ನೋಡುವ ಪದ್ಧತಿ 1996ರ ಪಟಿಯಾಲ ಬ್ಯಾಂಕ್ ಪ್ರಕರಣದಿಂದ ಗಟ್ಟಿಯಾಗಿದೆ. ವಿಚಾರಣೆಯೇ ಇಲ್ಲದೆ ವಜಾ ಮಾಡುವ ಅಧಿಕಾರವೂ 311ರಲ್ಲಿದೆ: ಕ್ರಿಮಿನಲ್ ಶಿಕ್ಷೆಯಾಗಿದ್ದರೆ, ವಿಚಾರಣೆ ನಡೆಸುವುದು ಕಾರ್ಯಸಾಧ್ಯವೇ ಅಲ್ಲದಿದ್ದರೆ, ದೇಶದ ಭದ್ರತೆಯ ಪ್ರಶ್ನೆಯಿದ್ದರೆ. 1985ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿದಿದೆ. ಅಂದರೆ ಸರ್ಕಾರದ ಕೈ ಕಟ್ಟಿಹಾಕಿಲ್ಲ. ಇನ್ನೊಂದು ಮಾತು. ನೆಟ್ಟಗಿನ ವಿಚಾರಣೆಗೆ ಹೆದರುವವನು ಪ್ರಾಮಾಣಿಕನಲ್ಲ, ಅದನ್ನು ಬೇಡುವವನೇ ಪ್ರಾಮಾಣಿಕ. ಮೇಲಿನವರ ಅಕ್ರಮ ಆದೇಶಕ್ಕೆ "ಲಿಖಿತದಲ್ಲಿ ಕೊಡಿ ಸಾರ್" ಎಂದು ಕೇಳಿದ ಗ್ರಾಮ ಆಡಳಿತ ಅಧಿಕಾರಿಯೋ ಪಿಡಿಒನೋ ಎರಡು ತಿಂಗಳಲ್ಲಿ ಕರ್ತವ್ಯಲೋಪದ ಆರೋಪ ಎದುರಿಸುವುದು ಕಟ್ಟುಕಥೆಯಲ್ಲ. ಅಂಥವರಿಗೆ ಹನ್ನೊಂದನೇ ನಿಯಮ ಬಿಟ್ಟರೆ ಬೇರೆ ಆಸರೆಯಿಲ್ಲ. ಹೊರಗುತ್ತಿಗೆಯವರಿಗೆ ಅದೂ ಇಲ್ಲ, ನಾಳೆಯಿಂದ ಬರಬೇಡ ಎಂದರೆ ಮುಗಿಯಿತು. ಅದು ಬೇರೆಯೇ ಪತ್ರಕ್ಕೆ ವಸ್ತು.

ಕೇಳುತ್ತಿರುವುದು ಹೊಸ ಕಾಯ್ದೆಯನ್ನಲ್ಲ. ದೋಷಾರೋಪಣಾ ಪಟ್ಟಿಯ ಜೊತೆಗೇ, ಅವಲಂಬಿಸಿದ ಪ್ರತಿ ದಾಖಲೆಯ ಪೂರ್ತಿ ಓದಬಹುದಾದ ಪ್ರತಿ ಹೋಗಬೇಕು. ಮೂಲವನ್ನು ತೋರಿಸಲಾಗದ ದಾಖಲೆಯನ್ನು ಪಟ್ಟಿಯಿಂದಲೇ ಕೈಬಿಡಬೇಕು. ಕಠಿಣ ದಂಡನೆಯ ಪ್ರಕರಣಗಳಿಗೆ ದೂರು ಹುಟ್ಟಿದ ಕಚೇರಿಯ ಅಧಿಕಾರಿಯನ್ನು ವಿಚಾರಣಾಧಿಕಾರಿ ಮಾಡಬಾರದು. ನಿವೃತ್ತ ಜಿಲ್ಲಾ ನ್ಯಾಯಾಧೀಶರನ್ನು ಈಗಲೂ ಕೆಲವು ಪ್ರಕರಣಗಳಿಗೆ ನೇಮಿಸುತ್ತೀರಿ, ಅದನ್ನೇ ವಾಡಿಕೆ ಮಾಡಿ. ಮಂಡನಾಧಿಕಾರಿಗಳಿಗೆ ತರಬೇತಿ ಕೊಡಿಸಿ. ಇದು ಇಲಾಖೆಯ ಸ್ವಂತ ಹಿತಕ್ಕೆ, ಏಕೆಂದರೆ ಪ್ರಕರಣ ಸೋಲುವುದು ಹೆಚ್ಚಾಗಿ ಅಲ್ಲೇ. ಅಮಾನತಿನ ಮೂರನೇ ತಿಂಗಳು ಮುಗಿಯುವ ಮುನ್ನ ಕಡತ ತಾನಾಗಿ ಪುನರ್ವಿಮರ್ಶೆಗೆ ಬರುವಂತೆ ಇ-ಆಫೀಸಿನಲ್ಲೇ ಏರ್ಪಾಡು ಮಾಡಬಹುದು, ಅದಕ್ಕೆ ಯಾರ ಮರ್ಜಿಯೂ ಬೇಕಿಲ್ಲ. ವರ್ಷ ದಾಟಿದ ವಿಚಾರಣೆಗೆ ಯಾರಿಂದ ತಡವಾಯಿತು ಎಂಬ ಟಿಪ್ಪಣಿ ಕಡ್ಡಾಯವಾಗಲಿ. ಕೆಎಟಿ ಅಥವಾ ಹೈಕೋರ್ಟ್ ಕಾರ್ಯವಿಧಾನದ ಲೋಪಕ್ಕಾಗಿ ಆದೇಶ ರದ್ದು ಮಾಡಿದರೆ, ಆ ಲೋಪ ಮಾಡಿದ ಅಧಿಕಾರಿಯಿಂದಲೂ ಒಂದು ವಿವರಣೆ ಕೇಳಿ. ಈಗ ಬಾಕಿ ಸಂಬಳ ಬೊಕ್ಕಸದಿಂದ ಹೋಗುತ್ತದೆ, ಪ್ರಶ್ನೆ ಮಾತ್ರ ಯಾರನ್ನೂ ತಲುಪುವುದಿಲ್ಲ.

ಮೊದಲ ಹೆಜ್ಜೆಯಾಗಿ ಒಂದು ಲೆಕ್ಕ ಪ್ರಕಟಿಸಿ, ಹೆಸರುಗಳು ಬೇಡ. ಪ್ರತಿ ಇಲಾಖೆಯಲ್ಲಿ ಅಮಾನತಿನಲ್ಲಿರುವವರೆಷ್ಟು, ಅವರಲ್ಲಿ ದೋಷಾರೋಪಣಾ ಪಟ್ಟಿ ಇನ್ನೂ ಕೈಸೇರದವರೆಷ್ಟು, ವರ್ಷ ದಾಟಿದ ವಿಚಾರಣೆಗಳೆಷ್ಟು, ಕಳೆದ ಐದು ವರ್ಷಗಳಲ್ಲಿ ಕಾರ್ಯವಿಧಾನದ ಕಾರಣಕ್ಕೆ ರದ್ದಾದ ದಂಡನೆಗಳೆಷ್ಟು. ಈ ಮಾಹಿತಿ ತಮ್ಮ ಸಿಬ್ಬಂದಿ ಮತ್ತು ಆಡಳಿತ ಸುಧಾರಣೆ ಇಲಾಖೆ ಒಂದು ಸುತ್ತೋಲೆ ಹೊರಡಿಸಿದರೆ ಬಂದುಬಿಡುತ್ತದೆ. ಮಾಹಿತಿ ಹಕ್ಕಿನಡಿ ಇದನ್ನೇ ಇಲಾಖೆವಾರು ಕೇಳಬಹುದು, ಆದರೆ ಅರ್ಜಿ ಹಾಕಿ ಕೀಳುವುದಕ್ಕಿಂತ ಸರ್ಕಾರ ತಾನಾಗಿ ಕೊಟ್ಟರೆ ಚೆನ್ನ. ಮುಂದಿನ ಕಾರ್ಯದರ್ಶಿಗಳ ಸಭೆಯ ಕಾರ್ಯಸೂಚಿಯಲ್ಲಿ ಈ ವಿಷಯ ಸೇರಿಸಬೇಕೆಂದು ಕೋರುತ್ತೇನೆ.

ವಂದನೆಗಳೊಂದಿಗೆ,
ತಮ್ಮ ವಿಶ್ವಾಸಿ,
ಒಬ್ಬ ನಿವೃತ್ತ ಸರ್ಕಾರಿ ನೌಕರ

ಪ್ರತಿ: ಎಲ್ಲ ಇಲಾಖೆಗಳ ಶಿಸ್ತು ಪ್ರಾಧಿಕಾರಿಗಳಿಗೆ, ಮಾಹಿತಿಗಾಗಿ ಮತ್ತು ಅಗತ್ಯ ಕ್ರಮಕ್ಕಾಗಿ.